ಶೋಲೆಗೆ ಕತ್ತರಿ ಹಿಡಿದ ಎಂ. ಎಸ್. ಶಿಂಧೆ

ರಾಮನಗರದ ರಾಮದೇವರ ಬೆಟ್ಟವನ್ನು ಇಂದಿಗೂ ಜನ ಶೋಲೆ ಬೆಟ್ಟ ಎಂದೇ ಕರೆಯುತ್ತಾರೆ. ದೊಡ್ಡಆಲಹಳ್ಳಿ, ಕನಕಪುರ, ಮಾಗಡಿ ಕಡೆಯ ಹಿರಿಯರಿಗೆ ಗಬ್ಬರ್ ಸಿಂಗ್, ಠಾಕೂರ್, ಜೈ, ವೀರೂ ಎಲ್ಲರೂ ಗೊತ್ತು. ಆ ಚಿತ್ರಕ್ಕೆ ಬಂದ ಒಂದೇ ಒಂದು ಫಿಲಂಫೇರ್ ಪ್ರಶಸ್ತಿ ಯಾರಿಗೆ ಸಿಕ್ಕಿತು ಎಂದು ಕೇಳಿದರೆ ಮಾತ್ರ ಹೆಚ್ಚಿನವರು ಸುಮ್ಮನಾಗುತ್ತಾರೆ. ಅದು ಸಿಕ್ಕಿದ್ದು ಸಂಕಲನಕಾರ ದಿ. ಎಂ. ಎಸ್. ಶಿಂಧೆಯವರಿಗೆ.

ಮುಂಬಯಿಯ ಹಿಂದಿ ಚಿತ್ರರಂಗದಲ್ಲಿ ದುಡಿದ ಶಿಂಧೆಯವರು ಬ್ರಹ್ಮಚಾರಿ (1968), ಅಂದಾಜ್ (1971), ಸೀತಾ ಔರ್ ಗೀತಾ (1972) ಚಿತ್ರಗಳನ್ನು ಸಂಕಲನ ಮಾಡಿದ್ದರು. ಕೊನೆಯ ಎರಡರ ನಿರ್ದೇಶಕ ರಮೇಶ್ ಸಿಪ್ಪಿ ಶೋಲೆಯನ್ನೂ ಅವರ ಕೈಗೇ ಕೊಟ್ಟರು.

1973ರ ಅಕ್ಟೋಬರ್‌ನಲ್ಲಿ ರಾಮನಗರದಲ್ಲಿ ಚಿತ್ರೀಕರಣ ಶುರುವಾಯಿತು. ತೆಗೆದ ಫಿಲ್ಮ್ ಸುಮಾರು 3 ಲಕ್ಷ ಅಡಿ ಎಂದು ಹೇಳುತ್ತಾರೆ. 35 ಎಂ.ಎಂ. ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. ಲೆಕ್ಕ ಹಾಕಿದರೆ 55 ಗಂಟೆ! ಅದನ್ನು ಮೂರು ಗಂಟೆ ಚಿಲ್ಲರೆಗೆ ಇಳಿಸಬೇಕು. ಆಗ ಕಂಪ್ಯೂಟರ್ ಇರಲಿಲ್ಲ. ಫಿಲ್ಮನ್ನು ಕೈಯಲ್ಲೇ ಕತ್ತರಿಸಿ, ತುಂಡಿಗೆ ತುಂಡು ಅಂಟಿಸಿ, ಓಡಿಸಿ ನೋಡಿ, ಸರಿಬಾರದಿದ್ದರೆ ಬಿಚ್ಚಿ ಮತ್ತೆ ಅಂಟಿಸಬೇಕಿತ್ತು.

ಇಮಾಮ್ ಸಾಹೇಬರ ಮಗನ ಸಾವನ್ನು ನೆನಪಿಸಿಕೊಳ್ಳಿ. ಗಬ್ಬರ್ ತನ್ನ ತೋಳಿನ ಮೇಲಿನ ಇರುವೆಯನ್ನು ಹೊಸಕುತ್ತಾನೆ. ಮುಂದೆ ನಾವು ನೋಡುವುದು ಶವ ಹೊತ್ತು ಊರಿಗೆ ಬರುವ ಕುದುರೆಯನ್ನು. ಹುಡುಗನನ್ನು ಕೊಲ್ಲುವುದು ತೆರೆಯ ಮೇಲೆ ಇಲ್ಲ, ಆದರೂ ಎದೆ ಝಲ್ಲೆನ್ನುತ್ತದೆ. ಸಂಕಲನ ಎಂದರೆ ಏನೆಂದು ತಿಳಿಯಲು ಇದೊಂದೇ ಸಾಕು.

ಚಿತ್ರ ಸಿದ್ಧವಾಗುವ ಹೊತ್ತಿಗೆ ತುರ್ತು ಪರಿಸ್ಥಿತಿ ಬಂತು. ಠಾಕೂರ್ ಗಬ್ಬರನನ್ನು ಮೊಳೆ ಹೊಡೆದ ಬೂಟಿನಿಂದ ತುಳಿದು ಕೊಲ್ಲುವ ಕೊನೆಗೆ ಸೆನ್ಸಾರ್ ಒಪ್ಪಲಿಲ್ಲ. ಪೊಲೀಸರು ಬಂದು ತಡೆಯುವಂತೆ ಮತ್ತೆ ಚಿತ್ರೀಕರಿಸಿ ಜೋಡಿಸಬೇಕಾಯಿತು. 1975ರ ಆಗಸ್ಟ್ 15ರಂದು ಚಿತ್ರ ತೆರೆಕಂಡಿತು. ಮುಂಬಯಿಯ ಮಿನರ್ವಾ ಚಿತ್ರಮಂದಿರದಲ್ಲಿ ಐದು ವರ್ಷ ಓಡಿತು. ಒಂಬತ್ತು ವಿಭಾಗಗಳಲ್ಲಿ ನಾಮನಿರ್ದೇಶನವಾಗಿ, ಗೆದ್ದದ್ದು ಸಂಕಲನ ಒಂದೇ.

ಮುಂದೆ ಶಾನ್, ಶಕ್ತಿ, ಸಾಗರ್ ಚಿತ್ರಗಳಿಗೂ ಅವರೇ ಸಂಕಲನಕಾರರು. ಒಟ್ಟು ನೂರರಷ್ಟು ಚಿತ್ರಗಳು. ಆದರೂ ಇಷ್ಟು ದುಡಿದವರ ಕೊನೆಗಾಲ ಕಳೆದದ್ದು ಧಾರಾವಿಯ ಪುಟ್ಟ ಮನೆಯಲ್ಲಿ, ಮಗಳ ಆಸರೆಯಲ್ಲಿ, ಹಣದ ಅಡಚಣೆಯಲ್ಲಿ. ಶೋಲೆ ಇಂದಿಗೂ ದುಡ್ಡು ತರುವ ಚಿತ್ರ. ಸಂಬಳಕ್ಕೆ ದುಡಿದ ತಂತ್ರಜ್ಞನಿಗೆ ಅದರಲ್ಲಿ ಪಾಲಿಲ್ಲ. ಈ ಪದ್ಧತಿ ಸರಿಯಲ್ಲ.

2012ರ ಸೆಪ್ಟೆಂಬರ್‌ನಲ್ಲಿ, 83ನೆಯ ವಯಸ್ಸಿನಲ್ಲಿ ಶಿಂಧೆಯವರು ತೀರಿಕೊಂಡರು. ಸೆನ್ಸಾರ್ ಬದಲಿಸಿದ ಆ ಮೂಲ ಕೊನೆಯನ್ನು ಸೇರಿಸಿ, ಚಿತ್ರವನ್ನು ಹೊಸದಾಗಿ ಸಂಸ್ಕರಿಸಿ ಇಟಲಿಯ ಬೊಲೊನ್ಯಾದಲ್ಲಿ ತೋರಿಸಿದ್ದು 2025ರಲ್ಲಿ.