ಒಂಟಿತನವನ್ನು ದಾನವಾಗಿಸಿದ ಅತ್ತಿಮಬ್ಬೆ

ಜೀವನು ಒಬ್ಬನೇ ಹುಟ್ಟುತ್ತಾನೆ, ಒಬ್ಬನೇ ಕರ್ಮಫಲವನ್ನು ಉಣ್ಣುತ್ತಾನೆ, ಒಬ್ಬನೇ ತೆರಳುತ್ತಾನೆ. ದ್ವಾದಶಾನುಪ್ರೇಕ್ಷೆಗಳಲ್ಲಿ ಈ ಚಿಂತನೆಗೆ ಏಕತ್ವ ಭಾವನೆ ಎಂದು ಹೆಸರು. ಇದನ್ನು ಓದಿ ತಿಳಿಯುವುದು ಸುಲಭ. ಬರಿದಾದ ಮನೆಯಲ್ಲಿ ಇದರೊಡನೆ ದಿನ ಕಳೆಯುವುದು ಕಷ್ಟ. ಹತ್ತನೆಯ ಶತಮಾನದ ಅತ್ತಿಮಬ್ಬೆ ಆ ಕಷ್ಟವನ್ನು ಕಂಡವಳು.

ಮಲ್ಲಪಯ್ಯನ ಮಕ್ಕಳಾದ ಅತ್ತಿಮಬ್ಬೆ ಹಾಗೂ ಗುಂಡಮಬ್ಬೆ ಇಬ್ಬರೂ ಚಾಳುಕ್ಯರ ಸೇವೆಯಲ್ಲಿದ್ದ ನಾಗದೇವನ ಕೈಹಿಡಿದಿದ್ದರು. ನಾಗದೇವನು ಅಕಾಲದಲ್ಲಿ ಅಳಿದಾಗ ತಂಗಿ ಗುಂಡಮಬ್ಬೆ ಚಿತೆಯೇರಿದಳು. ಪತಿಯೂ ಇಲ್ಲ, ಒಡಹುಟ್ಟಿದವಳೂ ಇಲ್ಲ; ಅತ್ತಿಮಬ್ಬೆಗೆ ಉಳಿದವನು ಮಗ ಅಣ್ಣಿಗದೇವ. ಬೆಂಕಿಗೆ ಬೀಳುವುದನ್ನು ಸಮಂತಭದ್ರಾಚಾರ್ಯರ ರತ್ನಕರಂಡಕ ಶ್ರಾವಕಾಚಾರವು ಲೋಕಮೂಢತೆಗಳಲ್ಲಿ ಎಣಿಸಿದೆ. ಅತ್ತಿಮಬ್ಬೆ ಬದುಕುವ ದಾರಿಯನ್ನೇ ಹಿಡಿದಳು.

ಬದುಕಲು ನಿಶ್ಚಯಿಸಿದವರಿಗೂ ಬೆಳಗಾದೊಡನೆ ಏನು ಮಾಡುವುದೆಂಬ ಪ್ರಶ್ನೆ ಎದುರಾಗುತ್ತದೆ. ಗೃಹಸ್ಥರು ದಿನವೂ ಆಚರಿಸಬೇಕಾದ ಷಟ್ಕರ್ಮಗಳೇ ಅದಕ್ಕೆ ಉತ್ತರ: ದೇವಪೂಜೆ, ಗುರೂಪಾಸ್ತಿ, ಸ್ವಾಧ್ಯಾಯ, ಸಂಯಮ, ತಪಸ್ಸು, ದಾನ. ಇವುಗಳಲ್ಲಿ ಸ್ವಾಧ್ಯಾಯವನ್ನೂ ದಾನವನ್ನೂ ಒಂದೇ ಕಾರ್ಯದಲ್ಲಿ ಬೆಸೆದುದು ಅತ್ತಿಮಬ್ಬೆಯ ಹಿರಿಮೆ. ತನ್ನ ತವರಿನವರೇ ಪೊನ್ನನಿಂದ ಬರೆಯಿಸಿದ್ದ ಶಾಂತಿಪುರಾಣದ 1000 ಪ್ರತಿಗಳನ್ನು ಆಕೆ ಮಾಡಿಸಿ ಹಂಚಿದಳು. ಅಚ್ಚುಯಂತ್ರವಿಲ್ಲದ ಕಾಲವದು. ತಾಳೆಗರಿಯನ್ನು ಹದಗೊಳಿಸಿ, ಅಕ್ಷರ ಅಕ್ಷರವನ್ನೂ ಕೊರೆದು, ಮಸಿ ಸವರಿ, ದಾರ ಪೋಣಿಸಿ ಕಟ್ಟಬೇಕು. ಇಷ್ಟು ದೊಡ್ಡ ಕಾಯಕಕ್ಕೆ ಎಷ್ಟೋ ಕೈಗಳು, ಎಷ್ಟೋ ದಿನಗಳು ಬೇಕು. ಅಂತಹ ಕೆಲಸ ನಡೆಯುವೆಡೆ ಶೂನ್ಯಕ್ಕೆ ಎಡೆಯೆಲ್ಲಿ?

ಆಕೆಯ ಆಶ್ರಯದಲ್ಲಿ ರನ್ನನು 993ರಲ್ಲಿ ಅಜಿತಪುರಾಣವನ್ನು ರಚಿಸಿದನು. 1500 ಜಿನಬಿಂಬಗಳನ್ನು ಮಾಡಿಸಿ ದಾನವಿತ್ತ ಆಕೆ, 1007ರಲ್ಲಿ ಲಕ್ಕುಂಡಿಯಲ್ಲಿ ಬ್ರಹ್ಮ ಜಿನಾಲಯವನ್ನು ಕಟ್ಟಿಸಿದಳು. ಲೋಕ ಆಕೆಯನ್ನು ದಾನಚಿಂತಾಮಣಿ ಎಂದು ಕರೆಯಿತು. ಜೊತೆಗಾರರಿಲ್ಲವೆಂದು ಮರುಗುವುದು ಒಂಟಿತನ. ಒಬ್ಬಳಾಗಿದ್ದೂ ತನ್ನ ಕರ್ತವ್ಯವನ್ನು ಅರಿತು ನಡೆಯುವುದು ಏಕತ್ವ. ಮೊದಲನೆಯದರಿಂದ ಎರಡನೆಯದಕ್ಕೆ ಆಕೆ ನಿತ್ಯಾಚರಣೆಯ ಮೆಟ್ಟಿಲುಗಳನ್ನೇರಿ ಸಾಗಿದಳು.

ಮಧುಗಿರಿ ಕೋಟೆಯ ತಪ್ಪಲಿನ ಬಸದಿ, ಪಾವಗಡ ಸೀಮೆಯ ನಿಡುಗಲ್ಲಿನ ಪಾರ್ಶ್ವನಾಥ ಬಸದಿಗಳೂ ಇಂತಹುದೇ ಶ್ರಾವಕಧರ್ಮದ ಕುರುಹುಗಳು. ಶಿರಾ, ಕೊರಟಗೆರೆಯ ಸುತ್ತಲೂ ಮಕ್ಕಳು ದುಡಿಮೆಗೆಂದು ಬೆಂಗಳೂರು ಸೇರಿ, ಹಿರಿಯರಷ್ಟೇ ಉಳಿದ ಮನೆಗಳುಂಟು. ಅವರು ಸಾವಿರ ಪ್ರತಿ ಬರೆಯಿಸಬೇಕಿಲ್ಲ. ದಿನಕ್ಕೊಂದು ಪುಟ ಓದಿ, ಓದಿದ್ದನ್ನು ನೆರೆಮನೆಯ ಮಗುವಿಗೆ ಕಥೆಯಾಗಿ ಹೇಳಿದರೆ ಸ್ವಾಧ್ಯಾಯವೂ ಆಯಿತು, ಶಾಸ್ತ್ರದಾನವೂ ಆಯಿತು. ಮರುದಿನ ಆ ಮಗು ತಾನಾಗಿಯೇ ಬಂದು ಬಾಗಿಲು ತಟ್ಟೀತು.