ಚಂದ್ರಗುಹೆಯ ಧರಸೇನಾಚಾರ್ಯರು

ಜ್ಯೇಷ್ಠ ಶುದ್ಧ ಪಂಚಮಿಯಂದು ಬಸದಿಗಳಲ್ಲಿ ಶಾಸ್ತ್ರಭಂಡಾರದ ಬಾಗಿಲು ತೆರೆಯುತ್ತದೆ. ಓಲೆಗರಿಯ ಕಟ್ಟುಗಳನ್ನು ಹೊರತೆಗೆದು, ಧೂಳನ್ನು ಮೆಲ್ಲನೆ ಒರೆಸಿ, ಹಳೆಯ ವೇಷ್ಟನವನ್ನು ಬಿಚ್ಚಿ ಹೊಸ ವಸ್ತ್ರವನ್ನು ಸುತ್ತುತ್ತಾರೆ. ಗ್ರಂಥವನ್ನು ಪಲ್ಲಕ್ಕಿಯಲ್ಲಿರಿಸಿ ಉತ್ಸವ ಮಾಡುವ ಊರುಗಳೂ ಉಂಟು. ಶ್ರಾವಕ-ಶ್ರಾವಿಕೆಯರು ಉಪವಾಸವನ್ನೋ ಏಕಾಶನವನ್ನೋ ಕೈಗೊಂಡು ಶ್ರುತಸ್ಕಂಧದ ಪೂಜೆಯಲ್ಲಿ ನಿಲ್ಲುತ್ತಾರೆ. ಶ್ವೇತಾಂಬರರು ಇಂಥದೇ ಪರ್ವವನ್ನು ಕಾರ್ತಿಕ ಶುದ್ಧ ಪಂಚಮಿಯಂದು ಜ್ಞಾನಪಂಚಮಿಯೆಂಬ ಹೆಸರಿನಿಂದ ಆಚರಿಸುತ್ತಾರೆ. ನಮ್ಮ ಆಮ್ನಾಯದ ಶ್ರುತಪಂಚಮಿಯ ಮೂಲವನ್ನು ಹುಡುಕುತ್ತ ಹೋದರೆ, ಸೌರಾಷ್ಟ್ರದ ಗಿರಿನಗರದ ಚಂದ್ರಗುಹೆಯಲ್ಲಿ ಏಕಾಂತವಾಗಿ ನೆಲೆಸಿದ್ದ ಓರ್ವ ವೃದ್ಧ ಮುನಿಯ ಬಳಿಗೆ ಬಂದು ನಿಲ್ಲುತ್ತೇವೆ. ಅವರೇ ಧರಸೇನಾಚಾರ್ಯರು.

ಆಚಾರ್ಯರ ತಾಯಿತಂದೆಗಳಾರು, ಜನ್ಮಭೂಮಿ ಯಾವುದು ಎಂಬುದನ್ನು ಪ್ರಾಚೀನ ಗ್ರಂಥಗಳು ಹೇಳುವುದಿಲ್ಲ. ಶ್ರುತಾವತಾರವನ್ನು ರಚಿಸಿದ ಇಂದ್ರನಂದಿಗಳು, ಗುಣಧರ ಮತ್ತು ಧರಸೇನರ ಗುರುಪರಂಪರೆಯು ತಮಗೆ ತಿಳಿಯದೆಂದು ಮುಚ್ಚುಮರೆಯಿಲ್ಲದೆ ಬರೆದಿದ್ದಾರೆ. ತಿಳಿದಿರುವುದು ಆಚಾರ್ಯರ ಬಾಳಿನ ಸಂಧ್ಯಾಕಾಲ ಮಾತ್ರ. ಆದರೆ ಆ ಕೆಲವು ತಿಂಗಳುಗಳಲ್ಲಿ ನಡೆದುದರ ಫಲವನ್ನೇ ಸಮಾಜವು ಇಂದಿಗೂ ಉಣ್ಣುತ್ತಿದೆ.

ಭಗವಾನ್ ಮಹಾವೀರರ ನಿರ್ವಾಣದ ಅನಂತರ 683 ವರ್ಷಗಳವರೆಗೆ ಅಂಗಜ್ಞಾನವು ಗುರುಮುಖದಿಂದ ಶಿಷ್ಯರ ಕಿವಿಗೆ ಇಳಿದುಬಂದಿತು. ಇಳಿಯುತ್ತ ಕ್ಷೀಣಿಸಿತು. ಕೇವಲಿಗಳು ಮುಗಿದರು, ಶ್ರುತಕೇವಲಿಗಳು ಭದ್ರಬಾಹುಗಳೊಂದಿಗೆ ಮುಗಿದರು, ಕೊನೆಗೆ ಲೋಹಾಚಾರ್ಯರೊಂದಿಗೆ ಆಚಾರಾಂಗಧಾರಿಗಳೂ ಮುಗಿದರು. ಬಳಿಕ ಉಳಿದುದು ಅಂಗ-ಪೂರ್ವಗಳ ಏಕದೇಶ ಜ್ಞಾನ. ಅದರಲ್ಲಿ ಅಗ್ರಾಯಣೀಯ ಪೂರ್ವಕ್ಕೆ ಸೇರಿದ ಮಹಾಕರ್ಮಪ್ರಕೃತಿ ಪ್ರಾಭೃತವು ಧರಸೇನರಲ್ಲಿ ನಿಂತಿತ್ತು. ಅಷ್ಟಾಂಗ ಮಹಾನಿಮಿತ್ತಗಳನ್ನು ಬಲ್ಲ ಅವರಿಗೆ ತಮ್ಮ ಆಯುಷ್ಯವು ಅಲ್ಪವೆಂಬುದು ತಿಳಿದಿತ್ತು. ತಾವು ದೇಹ ಬಿಟ್ಟರೆ ಈ ಪ್ರಾಭೃತವೂ ತಮ್ಮೊಡನೆ ಅಸ್ತಮಿಸುವುದೆಂಬ ಚಿಂತೆ ಅವರನ್ನು ಕಾಡಿತು. ಸರ್ವಸಂಗ ಪರಿತ್ಯಾಗಿಯಾದವರಿಗೆ ಇಂಥ ಚಿಂತೆ ಸಲ್ಲದೆಂದು ಯಾರೂ ಹೇಳಲಾರರು. ಧವಲಾಟೀಕೆಯು ಅದನ್ನು ಪ್ರವಚನ ವಾತ್ಸಲ್ಯವೆಂದು ಕರೆದಿದೆ.

ಆಗ ದಕ್ಷಿಣಾಪಥದ ಆಚಾರ್ಯರು ಮಹಿಮೆ ಎಂಬಲ್ಲಿ ಸಮಾವೇಶಗೊಂಡಿದ್ದರು. ಧರಸೇನರು ಅವರಿಗೆ ಲೇಖವೊಂದನ್ನು ಕಳುಹಿದರು. ಶ್ರುತವನ್ನು ಬರೆದಿಡುವ ರೂಢಿಯಿಲ್ಲದ ಕಾಲದಲ್ಲಿ ಶ್ರುತರಕ್ಷಣೆಯ ಕಾರ್ಯ ಒಂದು ಓಲೆಯಿಂದಲೇ ಮೊದಲಾಯಿತೆಂಬುದು ಗಮನಿಸತಕ್ಕದ್ದು. ಆಚಾರ್ಯರು ಅದರ ಆಶಯವನ್ನರಿತು, ಗ್ರಹಣ-ಧಾರಣಗಳಲ್ಲಿ ಸಮರ್ಥರೂ ವಿನಯಶೀಲರೂ ಆದ ಇಬ್ಬರು ಸಾಧುಗಳನ್ನು ಆಂಧ್ರದೇಶದ ವೇಣಾನದಿಯ ತೀರದಿಂದ ಕಳುಹಿಕೊಟ್ಟರು. ಆ ಇಬ್ಬರೂ ಬಂದು ಸೇರುವ ದಿನದ ರಾತ್ರಿಯ ಕೊನೆಯ ಜಾವದಲ್ಲಿ ಧರಸೇನರು, ಶುಭ್ರವರ್ಣದ ಎರಡು ವೃಷಭಗಳು ತಮ್ಮನ್ನು ಮೂರು ಬಾರಿ ಪ್ರದಕ್ಷಿಣೆ ಮಾಡಿ ಪಾದಗಳಿಗೆರಗಿದಂತೆ ಸ್ವಪ್ನ ಕಂಡರು. ಶ್ರುತದೇವತೆಗೆ ಜಯಕಾರ ನುಡಿಯುತ್ತ ಎಚ್ಚೆತ್ತರು.

ಸ್ವಪ್ನ ಶುಭವಾಗಿತ್ತು. ಬಂದವರು ಎರಡು ದಿನ ವಿಶ್ರಮಿಸಿ ಮೂರನೆಯ ದಿನ ತಮ್ಮ ಪ್ರಾರ್ಥನೆಯನ್ನು ಸಲ್ಲಿಸಿದರು. ಆದರೂ ಆಚಾರ್ಯರು ಸ್ವಪ್ನವನ್ನೇ ನಂಬಿ ಪಾಠಕ್ಕೆ ತೊಡಗಲಿಲ್ಲ. ಒಡೆದ ಗಡಿಗೆಯಂತೆ, ಜರಡಿಯಂತೆ, ಕೊಳವನ್ನು ಕಲಕಿ ಕುಡಿಯುವ ಕೋಣನಂತೆ ಇರುವ ಶ್ರೋತೃಗಳಿಗೆ ಶ್ರುತವನ್ನು ಉಪದೇಶಿಸಿದರೆ ಏನಾಗುವುದೆಂಬುದನ್ನು ಅವರು ಬಲ್ಲರು. ಆದುದರಿಂದ ಪರೀಕ್ಷೆಗೆ ಮನಸ್ಸು ಮಾಡಿದರು. ಇಬ್ಬರಿಗೂ ಒಂದೊಂದು ವಿದ್ಯಾಮಂತ್ರವನ್ನಿತ್ತು, ಷಷ್ಠೋಪವಾಸದೊಂದಿಗೆ ಸಾಧಿಸಿ ಬರುವಂತೆ ಆಜ್ಞಾಪಿಸಿದರು. ಧಾರಣೆಯ ದಿನ ಒಂದು, ಉಪವಾಸದ ಎರಡು ದಿನಗಳಲ್ಲಿ ನಾಲ್ಕು, ಪಾರಣೆಯ ದಿನ ಒಂದು, ಹೀಗೆ ಆರು ಹೊತ್ತಿನ ಆಹಾರವನ್ನು ತ್ಯಜಿಸುವುದರಿಂದ ಅದಕ್ಕೆ ಆ ಹೆಸರು. ಒಂದು ಮಂತ್ರದಲ್ಲಿ ಆಚಾರ್ಯರು ಬೇಕೆಂದೇ ಒಂದು ಅಕ್ಷರವನ್ನು ಹೆಚ್ಚಿಸಿದ್ದರು. ಇನ್ನೊಂದರಲ್ಲಿ ಒಂದು ಅಕ್ಷರವನ್ನು ಕಡಿಮೆ ಮಾಡಿದ್ದರು.

ಸಾಧುಗಳಿಬ್ಬರೂ ಉಪವಾಸವನ್ನು ನಿರತಿಚಾರವಾಗಿ ಪಾಲಿಸಿದರು, ಜಪದಲ್ಲಿ ಏಕಾಗ್ರರಾದರು. ದೇವತೆಗಳು ಪ್ರತ್ಯಕ್ಷರಾದರು. ಆದರೆ ಒಬ್ಬಳ ಹಲ್ಲುಗಳು ಹೊರಚಾಚಿದ್ದವು. ಮತ್ತೊಬ್ಬಳಿಗೆ ಒಂದೇ ಕಣ್ಣು. ದೇವತೆ ಕಾಣಿಸಿಕೊಂಡಳೆಂಬ ಹರ್ಷದಲ್ಲಿ ಸಾಮಾನ್ಯ ಸಾಧಕನು ಅಲ್ಲಿಗೇ ಕೈಮುಗಿಯುತ್ತಿದ್ದನು. ಇವರಿಬ್ಬರೂ ಹಾಗೆ ಮಾಡಲಿಲ್ಲ. ವಿಕೃತಾಂಗವು ದೇವತೆಗಳ ಸ್ವಭಾವವಲ್ಲವಾದುದರಿಂದ ದೋಷವು ಮಂತ್ರದಲ್ಲಿಯೇ ಇರಬೇಕೆಂದು ತರ್ಕಿಸಿದರು. ಮಂತ್ರವ್ಯಾಕರಣವನ್ನು ಬಲ್ಲವರಾದ ಕಾರಣ ಹೆಚ್ಚಿನ ಅಕ್ಷರವನ್ನು ತೆಗೆದು, ಕೊರತೆಯ ಅಕ್ಷರವನ್ನು ಸೇರಿಸಿ ಪುನಃ ಜಪಿಸಿದರು. ಈ ಬಾರಿ ದೇವತೆಗಳು ತಮ್ಮ ಸಹಜ ರೂಪದಲ್ಲಿ ತೋರಿದರು. ಗುರುವಿತ್ತ ಮಂತ್ರದಲ್ಲಿ ತಪ್ಪಿತ್ತೆಂದು ಅವರು ದೂರಲಿಲ್ಲ. ನಡೆದುದೆಲ್ಲವನ್ನೂ ವಿನಯದಿಂದ ನಿವೇದಿಸಿದರಷ್ಟೆ.

ಗುರುವಾದವರು ತಿಳಿದೂ ತಿಳಿದೂ ದೋಷಯುಕ್ತ ಮಂತ್ರವನ್ನು ಕೊಡಬಹುದೇ ಎಂಬ ಶಂಕೆ ಕೆಲವರಿಗೆ ಉಂಟಾಗುವುದು ಸಹಜ. ಬಾಯಿಂದ ಬಾಯಿಗೆ ಸಾಗಿಬರುವ ಶ್ರುತವು ಕೆಡುವುದಾದರೂ ಹೇಗೆ? ಒಂದೆಡೆ ಒಂದಕ್ಷರ ಹೆಚ್ಚುತ್ತದೆ, ಇನ್ನೊಂದೆಡೆ ಒಂದಕ್ಷರ ಬಿದ್ದುಹೋಗುತ್ತದೆ. ಆರು ಶತಮಾನಗಳ ನಷ್ಟವನ್ನು ಬಲ್ಲ ಆ ವೃದ್ಧರು, ಮುಂದೆ ಶ್ರುತಕ್ಕೆ ಬಂದೊದಗಬಹುದಾದ ಅಪಾಯವನ್ನೇ ಪರೀಕ್ಷೆಯಾಗಿ ಮುಂದಿಟ್ಟರು. ತಪಸ್ಸಿನ ಬಲವನ್ನಷ್ಟೇ ಅಳೆಯುವುದಿದ್ದರೆ ಉಪವಾಸವೊಂದೇ ಸಾಕಾಗುತ್ತಿತ್ತು.

ಸಂತುಷ್ಟರಾದ ಆಚಾರ್ಯರು ಶುಭ ತಿಥಿ, ಶುಭ ನಕ್ಷತ್ರಗಳಲ್ಲಿ ಪಾಠವನ್ನು ಆರಂಭಿಸಿ, ಆಷಾಢ ಶುದ್ಧ ಏಕಾದಶಿಯ ಪೂರ್ವಾಹ್ನದಲ್ಲಿ ಮುಗಿಸಿದರು. ಆಗ ಭೂತಜಾತಿಯ ದೇವರು ಬಂದು, ಪುಷ್ಪಬಲಿ ಶಂಖ ತೂರ್ಯಘೋಷಗಳಿಂದ ಒಬ್ಬರನ್ನು ಪೂಜಿಸಿದರೆಂದೂ, ಮತ್ತೊಬ್ಬರ ವಕ್ರವಾದ ದಂತಪಂಕ್ತಿಯನ್ನು ಸಮಗೊಳಿಸಿದರೆಂದೂ ಐತಿಹ್ಯವುಂಟು. ಅದರಿಂದಲೇ ಭೂತಬಲಿ, ಪುಷ್ಪದಂತ ಎಂಬ ನಾಮಧೇಯಗಳು ಬಂದವು.

ಪಾಠ ಮುಗಿದ ದಿನವೇ ಗುರುಗಳು ಇಬ್ಬರನ್ನೂ ಹೊರಡಿಸಿಬಿಟ್ಟರು. ಚಾತುರ್ಮಾಸವು ಹೊಸ್ತಿಲಲ್ಲಿತ್ತು. ಶಿಷ್ಯರು ಗುರುವಚನವು ಅನುಲ್ಲಂಘನೀಯವೆಂದು ಭಾವಿಸಿ ಹೊರಟು, ಅಂಕುಲೇಶ್ವರವನ್ನು ಸೇರಿ ಅಲ್ಲಿ ವರ್ಷಾಯೋಗವನ್ನು ಕಳೆದರು. ಇಂದ್ರನಂದಿಗಳು ಇದಕ್ಕೆ ಕಾರಣ ಹೇಳುತ್ತಾರೆ: ತಮ್ಮ ಮರಣವು ಸಮೀಪಿಸಿತೆಂದರಿತ ಧರಸೇನರು, ಅದನ್ನು ಕಂಡು ಶಿಷ್ಯರು ಕ್ಲೇಶಪಡಬಾರದೆಂದು ಬಯಸಿದರು. ಗುರುಸೇವೆಯ ಅಂತಿಮ ಅವಕಾಶವು ಶಿಷ್ಯರಿಗೆ ತಪ್ಪಿತು. ಕಲಿತುದು ಮನಸ್ಸಿನಲ್ಲಿ ಕದಡದೆ ಉಳಿಯಿತು. ಚಂದ್ರಗುಹೆಯ ಮುನಿಯ ಕಥೆ ಗ್ರಂಥಗಳಲ್ಲಿ ಇಲ್ಲಿಗೆ ನಿಲ್ಲುತ್ತದೆ.

ಮಳೆಗಾಲ ಕಳೆದ ಮೇಲೆ ಭೂತಬಲಿಗಳು ದ್ರಮಿಳ ದೇಶಕ್ಕೆ ತೆರಳಿದರು. ಪುಷ್ಪದಂತರು ವನವಾಸ ದೇಶಕ್ಕೆ, ಅಂದರೆ ನಮ್ಮ ಬನವಾಸಿಯ ಸೀಮೆಗೆ ಬಂದರು. ಅಲ್ಲಿ ಸತ್ಪ್ರರೂಪಣೆಯ 177 ಸೂತ್ರಗಳನ್ನು ರಚಿಸಿ, ಜಿನಪಾಲಿತನೆಂಬವನಿಗೆ ದೀಕ್ಷೆಯಿತ್ತು, ಸೂತ್ರಗಳನ್ನು ಕಲಿಸಿ ಭೂತಬಲಿಗಳ ಬಳಿಗೆ ಕಳುಹಿದರು. ಪುಷ್ಪದಂತರು ಅಲ್ಪಾಯುಗಳೆಂದು ಜಿನಪಾಲಿತನಿಂದ ತಿಳಿದ ಭೂತಬಲಿಗಳಿಗೆ, ಹಿಂದೆ ಗುರುಗಳನ್ನು ಕಾಡಿದ್ದ ಭಯವೇ ಎದುರಾಯಿತು. ಅವರು ಉಳಿದ ಭಾಗವನ್ನೆಲ್ಲ ರಚಿಸಿ ಮುಗಿಸಿದರು. ಜೀವಸ್ಥಾನದಿಂದ ಮಹಾಬಂಧದವರೆಗೆ ಆರು ಖಂಡಗಳಾದುದರಿಂದ ಅದು ಷಟ್ಖಂಡಾಗಮವಾಯಿತು. ಅದನ್ನು ಪುಸ್ತಕಾರೂಢಗೊಳಿಸಿ, ಜ್ಯೇಷ್ಠ ಶುದ್ಧ ಪಂಚಮಿಯಂದು ಚತುರ್ವರ್ಣ ಸಂಘದೊಡನೆ ಪೂಜಿಸಿದರೆಂದೂ, ಜಿನಪಾಲಿತನ ಕೈಯಲ್ಲಿ ಗ್ರಂಥವನ್ನು ಪಡೆದ ಪುಷ್ಪದಂತರೂ ಹಾಗೆಯೇ ಪೂಜೆ ನಡೆಸಿದರೆಂದೂ ಶ್ರುತಾವತಾರವು ತಿಳಿಸುತ್ತದೆ.

ಇದಕ್ಕೆ ವೀರಸೇನಾಚಾರ್ಯರು 72,000 ಶ್ಲೋಕ ಪ್ರಮಾಣದ ಧವಲಾಟೀಕೆಯನ್ನು ಬರೆದರು. ಕ್ರಿ.ಶ. 816ರಲ್ಲಿ ಅದು ಮುಗಿಯಿತೆಂಬುದು ಬಹುಮಂದಿ ವಿದ್ವಾಂಸರ ನಿರ್ಣಯ. ಆದರೆ ಗರಿಗೆ ಆಯುಷ್ಯವೆಷ್ಟು? ಕೆಲವು ಶತಮಾನಗಳಿಗೊಮ್ಮೆ ಪುನಃ ಪ್ರತಿಯೆತ್ತದಿದ್ದರೆ ಬರಹವೂ ಉಳಿಯದು. ಇಲ್ಲಿ ಕನ್ನಡ ನಾಡಿನ ಶ್ರಾವಿಕೆಯರ ನೋಂಪಿಯು ಆಸರೆಯಾಯಿತು. ಶ್ರುತಪಂಚಮಿಯ ನೋಂಪಿಯನ್ನು ಪೂರೈಸಿದ ದೇಮಿಯಕ್ಕನು ಉದ್ಯಾಪನೆಗಾಗಿ ಧವಲಾ ಪ್ರತಿಯನ್ನು ಶುಭಚಂದ್ರ ಸಿದ್ಧಾಂತದೇವರಿಗೆ ಅರ್ಪಿಸಿದಳು. ಶಾಂತಿಸೇನನ ಪತ್ನಿ ಮಲ್ಲಿಕಬ್ಬೆಯು ಶ್ರೀಪಂಚಮಿಯ ನೋಂಪಿಯ ಉದ್ಯಾಪನೆಯಲ್ಲಿ ಮಹಾಬಂಧವನ್ನು ಬರೆಯಿಸಿ ಮಾಘನಂದಿ ಮುನಿಗಳಿಗೆ ಕೊಟ್ಟಳು. ಪ್ರಶಸ್ತಿಗಳು ಇದನ್ನು ಹೇಳುತ್ತವೆ. ಕಲಶ ಘಂಟೆಗಳನ್ನು ಕೊಟ್ಟಿದ್ದರೂ ನೋಂಪಿ ಸಾಂಗವಾಗುತ್ತಿತ್ತು. ಅವರು ಗ್ರಂಥವನ್ನು ಆರಿಸಿದರು.

ಆ ಹಳಗನ್ನಡ ಲಿಪಿಯ ಗರಿಗಳು ಮೂಡಬಿದಿರೆಯ ಸಿದ್ಧಾಂತ ಬಸದಿಯಲ್ಲಿ ಉಳಿದುಬಂದವು. ಬಹುಕಾಲ ಯಾತ್ರಿಕರಿಗೆ ಅವುಗಳ ದರ್ಶನ ಮಾತ್ರ ದೊರೆಯುತ್ತಿತ್ತು, ಓದು ದೊರೆಯುತ್ತಿರಲಿಲ್ಲ. ಅತಿ ಭಕ್ತಿಯಿಂದಲೂ ಶ್ರುತಕ್ಕೆ ಕುತ್ತು ಬರುವುದುಂಟು. ಹತ್ತೊಂಬತ್ತನೆಯ ಶತಮಾನದ ಕೊನೆಯ ದಶಕದಲ್ಲಿ ಪ್ರತಿಯೆತ್ತುವ ಕಾರ್ಯ ತೊಡಗಿ, ವರ್ಷಗಟ್ಟಲೆ ಸಾಗಿತು. ಡಾಕ್ಟರ್ ಹೀರಾಲಾಲ್ ಜೈನರ ಸಂಪಾದಕತ್ವದಲ್ಲಿ ಧವಲೆಯ ಮೊದಲ ಸಂಪುಟ 1939ರಲ್ಲಿ ಅಮರಾವತಿಯಿಂದ ಹೊರಬಂದಿತು. ಮುಂದಿನ ಎರಡು ದಶಕಗಳಲ್ಲಿ ಒಟ್ಟು 16 ಸಂಪುಟಗಳಾದವು. ಮಲ್ಲಿಕಬ್ಬೆಯು ಬರೆಯಿಸಿದ ಮಹಾಬಂಧವು 1947ರಿಂದ ಭಾರತೀಯ ಜ್ಞಾನಪೀಠದ ಮೂಲಕ ಏಳು ಸಂಪುಟಗಳಲ್ಲಿ ಪ್ರಕಟವಾಯಿತು. ಆ ಓಲೆಪ್ರತಿಯ ಕೆಲವು ಗರಿಗಳು ಮೊದಲೇ ನಷ್ಟವಾಗಿದ್ದವು. ಅಚ್ಚಿನ ಪುಸ್ತಕದಲ್ಲಿಯೂ ಆ ಸ್ಥಳಗಳು ತೆರವಾಗಿಯೇ ಇವೆ.