ಸ್ಕಾಟ್ಲೆಂಡಿನ ಕಥೆಗೆ ಕನ್ನಡದ ನಡೆ ಕೊಟ್ಟ ಬಿ.ಎಂ.ಶ್ರೀ.

ಕನ್ನಡ ಶಾಲೆಯಲ್ಲಿ ಓದಿದ ಹಿರಿಯರನ್ನು ನಿಮಗೆ ಬಾಯಿಪಾಠವಾಗಿರುವ ಪದ್ಯ ಯಾವುದು ಎಂದು ಕೇಳಿದರೆ, ಹಲವರು ‘ಕಾರಿಹೆಗ್ಗಡೆಯ ಮಗಳು’ ಎನ್ನುತ್ತಾರೆ. ತಂದೆಯ ಕೋಪಕ್ಕೆ ಹೆದರಿ, ಪ್ರೀತಿಸಿದ ಗೌಡನೊಡನೆ ಓಡಿಬಂದ ಹುಡುಗಿಯ ಕಥೆ ಅದು. ಹಿಂದೆ ಕುದುರೆಯ ದಂಡು ಬೆನ್ನಟ್ಟಿದೆ, ಮುಂದೆ ಬಿರುಗಾಳಿಗೆ ಸಿಕ್ಕ ನೀರು ಮೊರೆಯುತ್ತಿದೆ. ದೋಣಿಯವನು ಹಣದ ಆಸೆಗಲ್ಲ, ಆ ಹೆಣ್ಣಿನ ಮುಖ ನೋಡಿ ದೋಣಿ ಬಿಡುತ್ತಾನೆ. ದಡಕ್ಕೆ ಬಂದ ತಂದೆ ಕೋಪ ಮರೆತು ಮಗಳನ್ನು ಕೂಗಿ ಕರೆಯುವ ಹೊತ್ತಿಗೆ ಎಲ್ಲವೂ ಮುಗಿದಿರುತ್ತದೆ. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಸೀಮೆಯ ನಾವು ಮಳೆಗಾಗಿ ಮುಗಿಲು ನೋಡುವ ಜನ. ಮಾರಿಕಣಿವೆಯ ವಾಣಿವಿಲಾಸ ಸಾಗರವೇ ನಮ್ಮ ಪಾಲಿನ ಸಮುದ್ರ. 1933ರಲ್ಲಿ ಕೋಡಿ ಹರಿದ ಆ ಅಣೆಕಟ್ಟು ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಇಂಥ ಬಯಲುಸೀಮೆಯ ಮಕ್ಕಳೂ ದೋಣಿ ಮುಳುಗುವ ಆ ಪದ್ಯವನ್ನು ನಮ್ಮೂರ ಕಥೆಯೆಂಬಂತೆ ಓದಿ ಕಣ್ಣು ಒರೆಸಿಕೊಂಡಿದ್ದಾರೆ.

ಆ ಕಥೆ ನಮ್ಮ ನಾಡಿನದಲ್ಲ, ಸ್ಕಾಟ್ಲೆಂಡಿನದು ಎಂಬುದು ಬಹಳ ಜನಕ್ಕೆ ಗೊತ್ತಿಲ್ಲ. ಅದನ್ನು ಇಂಗ್ಲಿಷಿನಲ್ಲಿ ಬರೆದವನು ಥಾಮಸ್ ಕ್ಯಾಂಬೆಲ್. ಅವನು 1777ರಲ್ಲಿ ಗ್ಲಾಸ್ಗೋ ನಗರದಲ್ಲಿ ಹುಟ್ಟಿದ. ಹದಿನೆಂಟರ ಹರೆಯದಲ್ಲಿ ಹೊಟ್ಟೆಪಾಡಿಗಾಗಿ ಮಲ್ ಎಂಬ ದ್ವೀಪಕ್ಕೆ ಮನೆಪಾಠದ ಮೇಷ್ಟರಾಗಿ ಹೋದ. ಆ ದ್ವೀಪದ ಪಕ್ಕದಲ್ಲೇ ಇರುವ ಪುಟ್ಟ ಉಲ್ವಾ ದ್ವೀಪದ ನಾಯಕನನ್ನೇ ತನ್ನ ಪದ್ಯದ ನಾಯಕನನ್ನಾಗಿ ಮಾಡಿಕೊಂಡ. ಪದ್ಯ ಅಚ್ಚಾದದ್ದು 1809ರಲ್ಲಿ. ಅಷ್ಟು ದೂರದ ಕಥೆಯನ್ನು ನಮ್ಮ ಮನೆಯ ಜಗುಲಿಗೆ ತಂದು ಕೂರಿಸಿದವರು ಆಚಾರ್ಯ ಬಿ.ಎಂ. ಶ್ರೀಕಂಠಯ್ಯನವರು. ಸುವರ್ಣ ಮಹೋತ್ಸವದ ಈ ಸಂಚಿಕೆಯಲ್ಲಿ ಆ ಮಹನೀಯರ ಬದುಕನ್ನು ನೆನೆಯಲು ತಕ್ಕ ಕಾರಣವಿದೆ. ಇಂಗ್ಲಿಷ್ ಬೇಕೋ ಕನ್ನಡ ಬೇಕೋ ಎಂದು ಇಂದು ಪ್ರತಿ ಹಳ್ಳಿಯ ತಂದೆತಾಯಿಗಳೂ ತೊಳಲಾಡುತ್ತಿದ್ದಾರೆ. ಆ ಪ್ರಶ್ನೆಗೆ ಅವರು ತಮ್ಮ ಬಾಳಿನಿಂದಲೇ ಉತ್ತರ ಕೊಟ್ಟು ಹೋಗಿದ್ದಾರೆ.

ಶ್ರೀಕಂಠಯ್ಯನವರು 1884ರ ಜನವರಿ 3ರಂದು ತುಮಕೂರು ಜಿಲ್ಲೆಯ ಸಂಪಿಗೆ ಗ್ರಾಮದಲ್ಲಿ ಹುಟ್ಟಿದರು. ಹೆಸರಿನ ಮೊದಲಲ್ಲಿರುವ ‘ಬಿ’ ನಾಗಮಂಗಲ ತಾಲ್ಲೂಕಿನ ಬೆಳ್ಳೂರನ್ನು, ‘ಎಂ’ ತಂದೆ ಮೈಲಾರಯ್ಯನವರನ್ನು ಸೂಚಿಸುತ್ತವೆ. ತಾಯಿ ಭಾಗೀರಥಮ್ಮ. ಬಾಲ್ಯ ಕಳೆದದ್ದು ಶ್ರೀರಂಗಪಟ್ಟಣದಲ್ಲಿ. ಮೈಸೂರು, ಬೆಂಗಳೂರುಗಳಲ್ಲಿ ಓದಿ, ಮದರಾಸಿನಲ್ಲಿ ಎಂ.ಎ. ಮುಗಿಸಿ, ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಇಂಗ್ಲಿಷ್ ಅಧ್ಯಾಪಕರಾದರು.

ಆ ಕಾಲದಲ್ಲಿ ಇಂಗ್ಲಿಷ್ ಬಲ್ಲವರಿಗೆ ಇದ್ದ ಗೌರವ ಕನ್ನಡ ಪಂಡಿತರಿಗೆ ಇರಲಿಲ್ಲ. ವಿದ್ಯಾವಂತರು ಮನೆಯಲ್ಲಿ ಕನ್ನಡ ಆಡುತ್ತಿದ್ದರು, ಕಾಗದ ಬರೆಯುವಾಗ ಇಂಗ್ಲಿಷಿಗೆ ಹೋಗುತ್ತಿದ್ದರು. ಕನ್ನಡದಲ್ಲಿ ಏನಿದೆ ಎಂಬ ತಾತ್ಸಾರ ಅವರಲ್ಲಿ ಬೇರೂರಿತ್ತು. ಇಂಗ್ಲಿಷ್ ಓದಿಸಿ ಸಂಬಳ ಪಡೆಯುತ್ತಿದ್ದ ಶ್ರೀಯವರು ಇದನ್ನು ಕಂಡು ಸುಮ್ಮನಿರಲಿಲ್ಲ. 1911ರಲ್ಲಿ ಧಾರವಾಡದ ವಿದ್ಯಾವರ್ಧಕ ಸಂಘದಲ್ಲಿ, ಕನ್ನಡ ಮಾತು ತಲೆಯೆತ್ತುವ ಬಗೆ ಹೇಗೆಂಬ ವಿಷಯವಾಗಿ ಅವರು ಮಾಡಿದ ಉಪನ್ಯಾಸ ನಾಡಿನ ಕಣ್ಣು ತೆರೆಸಿತು. ಆಗ ಅವರ ವಯಸ್ಸು ಇಪ್ಪತ್ತೇಳು.

ಅಂದಿನಿಂದ ಅವರು ಹಿಡಿದ ದಾರಿ ಸ್ಪಷ್ಟವಾಗಿತ್ತು. ಇಂಗ್ಲಿಷನ್ನು ದೂರುತ್ತ ಕೂರುವುದರಿಂದ ಕನ್ನಡ ಬೆಳೆಯುವುದಿಲ್ಲ. ಅಲ್ಲಿನ ಒಳ್ಳೆಯದನ್ನು ತಂದು ಇಲ್ಲಿನ ಮಣ್ಣಿನಲ್ಲಿ ನೆಡಬೇಕು. ಅದು ನಮ್ಮ ಬೆಳೆಯಾಗಿಯೇ ಬೆಳೆಯಬೇಕು. ಈ ಕೆಲಸದಲ್ಲಿ ಅವರ ಕಣ್ಣು ಸ್ಕಾಟ್ಲೆಂಡಿನ ಕವಿಗಳ ಮೇಲೂ ಬಿತ್ತು. ಅಲ್ಲಿನ ರಾಬರ್ಟ್ ಬರ್ನ್ಸ್ ರೈತನ ಮಗ. 1786ರಲ್ಲಿ ಹಳ್ಳಿಯ ಆಡುನುಡಿಯಲ್ಲೇ ಪದ್ಯಗಳನ್ನು ಅಚ್ಚು ಮಾಡಿಸಿ ದೊಡ್ಡ ಕವಿಯೆನಿಸಿಕೊಂಡ. ವಾಲ್ಟರ್ ಸ್ಕಾಟ್ ಗಡಿನಾಡಿನ ಹಳ್ಳಿಗರಿಂದ ಲಾವಣಿಗಳನ್ನು ಕೇಳಿ ಬರೆದುಕೊಂಡು 1802ರಲ್ಲಿ ಪುಸ್ತಕವಾಗಿ ಹೊರತಂದ. ಪಕ್ಕದಲ್ಲೇ ಇಂಗ್ಲೆಂಡಿನಂಥ ಬಲಿಷ್ಠ ನೆರೆಯಿದ್ದರೂ ಆ ಸಣ್ಣ ನಾಡು ತನ್ನ ಹಾಡು, ತನ್ನ ಕಥೆಗಳನ್ನು ಬಿಟ್ಟುಕೊಡಲಿಲ್ಲ. ಕಾಡುಗೊಲ್ಲರ ಬಾಯಲ್ಲಿ ಜುಂಜಪ್ಪನ ಕಾವ್ಯವನ್ನೂ ಮದಕರಿನಾಯಕನ ಲಾವಣಿಯನ್ನೂ ಕೇಳಿ ಬೆಳೆದ ನಮಗೆ ಇದರ ಬೆಲೆಯನ್ನು ಬೇರೆ ಹೇಳಬೇಕಾಗಿಲ್ಲ.

1926ರಲ್ಲಿ ‘ಇಂಗ್ಲಿಷ್ ಗೀತಗಳು’ ಹೊರಬಂದಿತು. ಸುಮಾರು 60 ಕವಿತೆಗಳ ಸಣ್ಣ ಪುಸ್ತಕ. ಶೆಲ್ಲಿ, ವರ್ಡ್ಸ್‌ವರ್ತ್ ಮೊದಲಾದ ಇಂಗ್ಲಿಷ್ ಕವಿಗಳ ಜೊತೆಗೆ ಸ್ಕಾಟ್ಲೆಂಡಿನ ಬರ್ನ್ಸ್, ಕ್ಯಾಂಬೆಲ್ಲರೂ ಅದರಲ್ಲಿ ಕನ್ನಡ ಮಾತಾಡಿದರು. ಹೊಸಗನ್ನಡ ಕವಿತೆಯ ನವೋದಯಕ್ಕೆ ಈ ಪುಸ್ತಕ ದಾರಿ ಮಾಡಿಕೊಟ್ಟಿತೆಂದು ವಿಮರ್ಶಕರೆಲ್ಲ ಒಪ್ಪುತ್ತಾರೆ.

ಅವರ ಕೈಚಳಕ ಎಂಥದೆಂದು ತಿಳಿಯಲು ‘ಕಾರಿಹೆಗ್ಗಡೆಯ ಮಗಳು’ ಒಂದೇ ಸಾಕು. ಮೂಲದಲ್ಲಿದ್ದ ಪರದೇಶದ ಹೆಸರುಗಳನ್ನು ಅವರು ಇಟ್ಟುಕೊಳ್ಳಲಿಲ್ಲ. ಅಲ್ಲಿನ ಪ್ರಭು ಇಲ್ಲಿ ಹೆಗ್ಗಡೆಯಾದ, ದ್ವೀಪದ ನಾಯಕ ಪಡುವ ದಿಬ್ಬದ ಗೌಡನಾದ, ದೋಣಿಯವನು ತೊರೆಯನಾದ. ಬೆಳ್ಳಿಯ ಪೌಂಡು ಕನ್ನಡದ ಹೊನ್ನಾಯಿತು. ಇದು ಬರಿಯ ಹೆಸರು ಬದಲಾಯಿಸುವ ಮಾತಲ್ಲ. ಪದ್ಯದ ನಡಿಗೆಯನ್ನು ಗಮನಿಸಿ. ಮೂರು ಮಾತ್ರೆ, ನಾಲ್ಕು ಮಾತ್ರೆಗಳ ಗಣಗಳು ಒಂದರ ಹಿಂದೆ ಒಂದು ಬರುತ್ತವೆ. ಕುಮಾರವ್ಯಾಸನ ಭಾಮಿನಿ ಷಟ್ಪದಿಯ ನಡಿಗೆಯೂ ಇದೇ. ಊರ ಗುಡಿಯ ಮುಂದೆ ಗದುಗಿನ ಭಾರತ ಕೇಳಿದ ಕಿವಿಗೆ ಈ ಲಯ ಹೊಸದಾಗಿ ತೋರುವುದಿಲ್ಲ. ಮೊದಲ ಪದ್ಯದ ನಾಲ್ಕು ಸಾಲುಗಳಲ್ಲೂ ಎರಡನೆಯ ಅಕ್ಷರ ಡಕಾರವೇ. ಹಳಗನ್ನಡದ ಕವಿಗಳು ತಪ್ಪದೆ ಪಾಲಿಸುತ್ತಿದ್ದ ಆದಿಪ್ರಾಸ ಅದು. ಶ್ರೀಯವರು ಅದನ್ನು ಬೇಕಾದ ಕಡೆ ಇಟ್ಟುಕೊಂಡರು, ಕಟ್ಟಾಗಿ ಕಾಡಿದ ಕಡೆ ಬಿಟ್ಟರು. ಹೀಗಾಗಿ ಓದಿದವರಿಗೆ ಅನುವಾದ ಎಂಬ ನೆನಪೇ ಬಾರದಂತೆ ಪದ್ಯ ನಾಲಿಗೆಗೆ ಹತ್ತಿತು.

ಅವರ ಕೆಲಸ ಕವಿತೆಗೆ ನಿಲ್ಲಲಿಲ್ಲ. ರನ್ನನ ಕಾವ್ಯದಿಂದ ‘ಗದಾಯುದ್ಧ ನಾಟಕ’ವನ್ನು ಕಟ್ಟಿದರು. ಗ್ರೀಕ್ ನಾಟಕಗಳನ್ನು ಆಧರಿಸಿ ‘ಅಶ್ವತ್ಥಾಮನ್’, ‘ಪಾರಸಿಕರು’ ಬರೆದರು. 1928ರಲ್ಲಿ ಕಲಬುರಗಿಯ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾದರು. ಸಾಹಿತ್ಯ ಪರಿಷತ್ತಿನ ಉಪಾಧ್ಯಕ್ಷರಾಗಿದ್ದಾಗ ‘ಕನ್ನಡ ನುಡಿ’ ಪತ್ರಿಕೆಯನ್ನೂ ಕನ್ನಡ ಪರೀಕ್ಷೆಗಳನ್ನೂ ಆರಂಭಿಸಿದರು. ಊರೂರು ತಿರುಗಿ ಭಾಷಣ ಮಾಡಿದರು. ಮೈಸೂರು ಅರಸರು ಅವರಿಗೆ ರಾಜಸೇವಾಸಕ್ತ ಬಿರುದನ್ನಿತ್ತರು, ಜನ ಕನ್ನಡದ ಕಣ್ವ ಎಂದು ಕರೆದರು.

ನಮ್ಮ ಜಿಲ್ಲೆಗೂ ಅವರಿಗೂ ಒಂದು ನಂಟಿದೆ. ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಕನ್ನಡ ಎಂ.ಎ. ತರಗತಿ ಶುರುವಾದದ್ದು 1927ರಲ್ಲಿ. ಅದಕ್ಕಾಗಿ ದುಡಿದವರಲ್ಲಿ ಶ್ರೀಯವರು ಮೊದಲಿಗರು. ಅಲ್ಲಿ ಮೊದಲ ಕನ್ನಡ ಪ್ರಾಧ್ಯಾಪಕರಾದವರು ಚಳ್ಳಕೆರೆ ತಾಲ್ಲೂಕಿನ ತಳುಕಿನ ಟಿ.ಎಸ್. ವೆಂಕಣ್ಣಯ್ಯನವರು. ಹಿರಿಯೂರಿನಿಂದ ಬಳ್ಳಾರಿಗೆ ಬಸ್ಸಿನಲ್ಲಿ ಹೋಗುವವರು ಇಂದಿಗೂ ಆ ಊರನ್ನು ದಾಟಿಯೇ ಹೋಗುತ್ತಾರೆ. ಅವರ ಶಿಷ್ಯರಾದ ಕುವೆಂಪು ತಮ್ಮ ‘ಶ್ರೀ ರಾಮಾಯಣ ದರ್ಶನಂ’ ಮಹಾಕಾವ್ಯವನ್ನು ಅರ್ಪಿಸಿದ್ದು ಈ ಗುರುವಿಗೇ. ಚಿತ್ರದುರ್ಗದ ಇತಿಹಾಸವನ್ನು ಕಾದಂಬರಿಗಳಲ್ಲಿ ಜೀವಂತವಾಗಿಸಿದ ತ.ರಾ.ಸು. ಕೂಡ ತಳುಕಿನ ಇದೇ ಮನೆತನದವರು. ಇಂಗ್ಲಿಷ್ ಮೇಷ್ಟರೊಬ್ಬರು ತೆರೆಸಿದ ಬಾಗಿಲಲ್ಲಿ ನಮ್ಮ ಬರದ ಸೀಮೆಯ ಮೇಷ್ಟರೊಬ್ಬರು ಕನ್ನಡದ ಪೀಠವೇರಿದರು ಎಂಬುದು ನಮಗೆಲ್ಲ ಹೆಮ್ಮೆಯ ಸಂಗತಿ.

ಮೈಸೂರಿನ ಸೇವೆಯಿಂದ ನಿವೃತ್ತರಾದ ಮೇಲೂ ಶ್ರೀಯವರು ವಿಶ್ರಾಂತಿ ಬಯಸಲಿಲ್ಲ. ಧಾರವಾಡಕ್ಕೆ ಹೋಗಿ ಅಲ್ಲಿನ ಕಾಲೇಜಿನ ಪ್ರಾಂಶುಪಾಲರಾದರು. 62 ವರ್ಷ ತುಂಬಿದ ಎರಡನೆಯ ದಿನ, 1946ರ ಜನವರಿ 5ರಂದು ಅಲ್ಲಿಯೇ ತೀರಿಕೊಂಡರು. ಯಾವ ಊರಿನಲ್ಲಿ ಯುವಕರಾಗಿ ಕನ್ನಡದ ಪರ ದನಿಯೆತ್ತಿದ್ದರೋ ಅದೇ ಊರಿನಲ್ಲಿ ಅವರ ದನಿ ನಿಂತಿತು. ನಾಡು ಒಂದಾಗುವುದನ್ನು ಕಾಣಲು ಅವರು ಉಳಿದಿರಲಿಲ್ಲ.

ಇಂದು ನಮ್ಮ ಹಳ್ಳಿಗಳಿಂದ ಬೆಳಗಾಗುತ್ತಲೇ ಖಾಸಗಿ ಶಾಲೆಯ ವ್ಯಾನುಗಳು ಮಕ್ಕಳನ್ನು ತುಂಬಿಕೊಂಡು ಪೇಟೆಗೆ ಹೊರಡುತ್ತವೆ. ಇಂಗ್ಲಿಷ್ ಬಾರದಿದ್ದರೆ ಮಗು ಹಿಂದುಳಿಯುತ್ತದೆಂಬ ಹೆತ್ತವರ ಅಂಜಿಕೆ ಸುಳ್ಳಲ್ಲ, ಅವರನ್ನು ತೆಗಳಿ ಪ್ರಯೋಜನವೂ ಇಲ್ಲ. ಆದರೆ ಇಂಗ್ಲಿಷನ್ನು ಅರೆದು ಕುಡಿದಿದ್ದ ಶ್ರೀಯವರು ಕನ್ನಡವನ್ನು ಕೈಬಿಡಲಿಲ್ಲ ಎಂಬುದನ್ನೂ ಆ ಹೆತ್ತವರಿಗೆ ನಾವು ಹೇಳಬೇಕು. ಅವರಿಗೆ ಎರಡು ಭಾಷೆಗಳೂ ಒಂದಕ್ಕೊಂದು ಊರುಗೋಲಾಗಿದ್ದವು. ಸರ್ಕಾರಿ ಪ್ರೌಢಶಾಲೆಯ ಮಕ್ಕಳಿಗೂ ಒಳ್ಳೆಯ ಇಂಗ್ಲಿಷ್ ಸಿಗಬೇಕು, ಅದಕ್ಕೆ ಬುಡವಾಗಿ ಗಟ್ಟಿಯಾದ ಕನ್ನಡವೂ ಇರಬೇಕು.

ಹಳೆಯ ವಿದ್ಯಾರ್ಥಿಗಳಲ್ಲಿ ಒಂದು ಬಿನ್ನಹ. ಮಹೋತ್ಸವದ ನೆನಪಿಗೆ ಶಾಲೆಯ ಗ್ರಂಥಾಲಯಕ್ಕೆ ‘ಇಂಗ್ಲಿಷ್ ಗೀತಗಳು’ ಪುಸ್ತಕದ ಹತ್ತು ಪ್ರತಿಗಳನ್ನು ಕೊಡೋಣ, ಜೊತೆಗೆ ಮೂಲ ಇಂಗ್ಲಿಷ್ ಪದ್ಯಗಳನ್ನೂ ಇರಿಸೋಣ. ಹತ್ತನೆಯ ತರಗತಿಯ ಮಕ್ಕಳು ಎರಡನ್ನೂ ಅಕ್ಕಪಕ್ಕದಲ್ಲಿಟ್ಟುಕೊಂಡು ಗಟ್ಟಿಯಾಗಿ ಓದಲಿ. ಕ್ಯಾಂಬೆಲ್ಲನ ದೋಣಿ ಕನ್ನಡದ ದಡಕ್ಕೆ ಹೇಗೆ ಬಂದಿತೆಂದು ಅವರೇ ಕಂಡುಕೊಳ್ಳಲಿ.